ಒಂದೇ ಸೀರೆ, ಎರಡು ಕಥೆ

ನಮ್ಮ ಅಕ್ಕಲಕೋಟ ಸೀಮೆಯಲ್ಲಿ ‘ಜೋಗವಾ’ ಸಿನೆಮಾ ನೋಡದವರು ಕಡಿಮೆ. ಮರಾಠಿ ಚಿತ್ರವಾದರೂ ಕನ್ನಡ ಮಾತಾಡುವ ನಮ್ಮ ಮನೆಗಳೊಳಗೆ ಅದು ನಮ್ಮದೇ ಎಂಬಂತೆ ಬಂದು ಕುಳಿತಿದೆ. ಅಜಯ್-ಅತುಲ್ ಕೂಡಿಸಿದ ಅದರ ಹಾಡುಗಳು ಕಬ್ಬಿನ ಟ್ರ್ಯಾಕ್ಟರಿನಲ್ಲಿಯೂ ಕೇಳುತ್ತವೆ, ಮದುವೆಯ ಹಂದರದಲ್ಲಿಯೂ ಕೇಳುತ್ತವೆ. ಆದರೆ ‘ಬದುಕು ಬಯಲು’ ಎಂಬ ಪುಸ್ತಕದ ಹೆಸರು ಕೇಳಿದವರು ನಮ್ಮೂರಲ್ಲಿ ಹತ್ತು ಮಂದಿ ಸಿಕ್ಕರೆ ಹೆಚ್ಚು. ನಮ್ಮ ವಾಚನಾಲಯದ ಕಪಾಟಿನಲ್ಲಿ ಆ ಪುಸ್ತಕ ಇದೆ. ತಮಿಳುನಾಡಿನ ಎ. ರೇವತಿ ಎಂಬ ಹಿಜ್ರಾ ಹೆಣ್ಣುಮಗಳು ಬರೆದ ತನ್ನ ಜೀವನಕಥೆ ಅದು. ಕನ್ನಡಕ್ಕೆ ತಂದವರು ದು. ಸರಸ್ವತಿ.

ಈ ಎರಡನ್ನೂ ಒಂದರ ಪಕ್ಕ ಒಂದು ಇಟ್ಟು ನೋಡಬೇಕು ಅಂತ ಬಹಳ ದಿನದಿಂದ ನನ್ನ ಮನಸ್ಸಿನಲ್ಲಿತ್ತು. ಯಾಕಂದರೆ ಎರಡರ ನಡುವೆಯೂ ಒಂದು ಸೀರೆ ಇದೆ. ಗಂಡಾಗಿ ಹುಟ್ಟಿದೆ ಎಂದು ಊರು ಬರೆದುಕೊಂಡ ಒಂದು ಜೀವ ಸೀರೆ ಉಡುತ್ತದೆ. ಒಂದು ಕಥೆಯಲ್ಲಿ ಆ ಸೀರೆಯೇ ಬೇಡಿ, ಅದನ್ನು ಬಿಚ್ಚಿದರೆ ಬಿಡುಗಡೆ. ಇನ್ನೊಂದರಲ್ಲಿ ಆ ಸೀರೆಯೇ ಬಿಡುಗಡೆ, ಅದನ್ನು ಉಟ್ಟದ್ದಕ್ಕೆ ಏಟು. ನಮ್ಮ ಜನ ಮೊದಲನೆಯ ಕಥೆಯನ್ನು ಬಾಯಿಪಾಠ ಮಾಡಿಕೊಂಡಿದ್ದಾರೆ, ಎರಡನೆಯದನ್ನು ಓದಿಲ್ಲ. ಇದರಿಂದ ನಮಗೆ ಏನು ನಷ್ಟವಾಗಿದೆ ಎಂಬುದೇ ಈ ಲೇಖನದ ವಿಷಯ.

ಮೊದಲು ‘ಜೋಗವಾ’. 2009ರಲ್ಲಿ ತೆರೆಗೆ ಬಂದ ಈ ಚಿತ್ರದ ನಿರ್ದೇಶಕ ರಾಜೀವ ಪಾಟೀಲ. ರಾಜನ್ ಗವಸ ಅವರ ‘ಚೌಂಡಕ’, ‘ಭಂಡಾರಭೋಗ’ ಎಂಬ ಕಾದಂಬರಿಗಳು ಹಾಗೂ ಚಾರುತಾ ಸಾಗರ ಅವರ ‘ದರ್ಶನ’ ಎಂಬ ಕಥೆ ಇದಕ್ಕೆ ಆಧಾರ. ತಾಯಪ್ಪ ಎಂಬ ತರುಣನಿಗೆ ಯಲ್ಲಮ್ಮನ ಕರೆ ಬಂದಿದೆ ಎಂದು ಊರು-ಮನೆ ಸೇರಿ ಸೀರೆ ಉಡಿಸಿ, ಜೋಗ್ತ್ಯಾನನ್ನಾಗಿ ಮಾಡುತ್ತದೆ. ಸುಲಿ ಎಂಬ ಹುಡುಗಿಯ ಕೂದಲು ಜಡೆಗಟ್ಟಿತೆಂದು ಅವಳನ್ನೂ ದೇವಿಗೆ ಬಿಡುತ್ತಾರೆ. ಇಬ್ಬರ ನಡುವೆ ಪ್ರೀತಿ ಹುಟ್ಟುತ್ತದೆ. ಸೀರೆಯೊಳಗಿನ ಗಂಡಸು ತನ್ನ ಗಂಡಸುತನವನ್ನು ಮರಳಿ ಪಡೆಯುವ ಕಡೆಗೆ ಕಥೆ ನಡೆಯುತ್ತದೆ.

ಈ ಚಿತ್ರದ ಮೇಲೆ ನನಗೆ ಗೌರವ ಇದೆ. ಜಡೆ ಬಂದಿತೆಂದು ಹುಡುಗಿಯರನ್ನು ದೇವರ ಹೆಸರಿನಲ್ಲಿ ಹಾಳು ಮಾಡಿದ್ದನ್ನು ನಮ್ಮ ಸೀಮೆ ಕಣ್ಣಾರೆ ಕಂಡಿದೆ. ಕರ್ನಾಟಕದಲ್ಲಿ 1982ರಲ್ಲಿಯೇ ದೇವದಾಸಿ ಬಿಡುವುದರ ವಿರುದ್ಧ ಕಾಯಿದೆ ಆಯಿತು. ಮುಂಬಯಿ ಇಲಾಖೆಯಲ್ಲಂತೂ 1934ರಷ್ಟು ಹಿಂದೆಯೇ ಕಾಯಿದೆ ಇತ್ತು. ಕಾಯಿದೆ ಇದ್ದರೂ ಬಿಡುವುದು ನಿಲ್ಲಲಿಲ್ಲ. ಆ ಕ್ರೌರ್ಯವನ್ನು ಒಂದು ಮಾತೂ ಮುಚ್ಚಿಡದೆ ತೋರಿಸಿದ್ದು ‘ಜೋಗವಾ’ದ ಹೆಚ್ಚುಗಾರಿಕೆ. ಉಪೇಂದ್ರ ಲಿಮಯೆ ತಾಯಪ್ಪನಾಗಿ ನಟಿಸಿದ್ದಾರೆ ಎನ್ನುವುದಕ್ಕಿಂತ ಆ ಸಂಕಟವನ್ನು ಮೈಮೇಲೆ ಹೊತ್ತುಕೊಂಡಿದ್ದಾರೆ ಎಂದರೆ ಸರಿಯಾದೀತು. ಸುಲಿಯಾಗಿ ಮುಕ್ತಾ ಬರ್ವೆ ಕೂಡ ಹಾಗೆಯೇ.

ನನ್ನ ತಕರಾರು ಬೇರೆ ಇದೆ. ತಾಯಪ್ಪನ ಕಥೆ ಸುಳ್ಳಲ್ಲ, ಆದರೆ ಅದೊಂದೇ ಕಥೆ ಅಲ್ಲ. ಮಂಗಳವಾರ, ಶುಕ್ರವಾರ ಜೋಗ ಬೇಡಲು ನಮ್ಮ ಓಣಿಗೆ ಬರುವ ಜೋಗಪ್ಪಗಳನ್ನು ನೋಡಿರಿ. ತಲೆಯ ಮೇಲೆ ಜಗ, ಹಣೆ ತುಂಬ ಭಂಡಾರ, ಕೈಯಲ್ಲಿ ಚೌಡಿಕೆ. ಅವರಲ್ಲಿ ಒತ್ತಾಯಕ್ಕೆ ಸೀರೆ ಉಟ್ಟವರು ಇದ್ದಾರು. ಆದರೆ ಸಣ್ಣಂದಿನಿಂದಲೂ ತಾನು ಹೆಣ್ಣೇ ಎಂದು ತಿಳಿದು, ಹಾಗೆ ಬದುಕಲು ಊರಿನಲ್ಲಿ ಬೇರೆ ದಾರಿ ಕಾಣದೆ, ತಾಯಿ ಯಲ್ಲಮ್ಮನ ಸೆರಗಿನೊಳಗೆ ಬಂದು ನಿಂತವರೂ ಇದ್ದಾರೆ. ‘ಜೋಗವಾ’ ನೋಡಿದ ಕಣ್ಣಿಗೆ ಇವರು ಕಾಣುವುದೇ ಇಲ್ಲ. ಆ ಚಿತ್ರದ ಲೆಕ್ಕದಲ್ಲಿ ಸೀರೆ ಉಟ್ಟ ಪ್ರತಿಯೊಬ್ಬರ ಒಳಗೂ ಒಬ್ಬ ಗಂಡಸು ಸೆರೆ ಸಿಕ್ಕಿದ್ದಾನೆ, ಅವನನ್ನು ಬಿಡಿಸಿದರೆ ಎಲ್ಲ ಸರಿಹೋಗುತ್ತದೆ. ಸಿನೆಮಾ ಮುಗಿಸಿ ಎದ್ದು ಬಂದವರು ಜೋಗಪ್ಪನನ್ನು ಕಂಡು “ಪಾಪ, ಇವನಿಗೂ ಯಾರೋ ಉಡಿಸ್ಯಾರ” ಎನ್ನುತ್ತಾರೆ. ಉಟ್ಟವರನ್ನು ಕೇಳಿ ನೋಡೋಣ ಎಂಬ ಮಾತು ಯಾರ ಬಾಯಿಂದಲೂ ಬರುವುದಿಲ್ಲ.

ಕೇಳಿದರೆ ಏನು ಉತ್ತರ ಬರುತ್ತದೆ ಎಂಬುದಕ್ಕೆ ರೇವತಿಯವರ ಪುಸ್ತಕ ಇದೆ. ಇಂಗ್ಲಿಷಿನಲ್ಲಿ ಇದು 2010ರಲ್ಲಿ ಬಂತು. ತಮಿಳು ಮೂಲ ಮರುವರ್ಷ ‘ವೆಳ್ಳೈ ಮೊಳಿ’ ಎಂಬ ಹೆಸರಿನಲ್ಲಿ ಅಚ್ಚಾಯಿತು. ಅದಕ್ಕೂ ಮೊದಲು, 2004ರಲ್ಲಿ, ಅವರು ತಮ್ಮಂಥವರನ್ನೇ ಮಾತಾಡಿಸಿ ಅವರ ಮಾತುಗಳನ್ನು ಒಂದು ತಮಿಳು ಪುಸ್ತಕವಾಗಿ ಕೂಡಿಸಿದ್ದರು. ಅಂದರೆ ಇವರು ಮೊದಲು ಉಳಿದವರ ಮಾತು ಕೇಳಿ, ಆಮೇಲೆ ತಮ್ಮ ಕಥೆ ಹೇಳಿದವರು.

ರೇವತಿ ನಾಮಕ್ಕಲ್ ಕಡೆಯ ಹಳ್ಳಿಯವರು. ತಂದೆ ಲಾರಿ ನಡೆಸುವವರು, ಮನೆ ತುಂಬ ಅಣ್ಣಂದಿರು. ಹುಡುಗಿಯರ ಜೊತೆ ಆಡುವುದು, ಅಂಗಳಕ್ಕೆ ನೀರು ಹಾಕಿ ರಂಗೋಲಿ ಬಿಡುವುದು, ಅಕ್ಕನ ಲಂಗ ತೊಟ್ಟು ನೋಡುವುದು — ಬಾಲ್ಯದ ಈ ಪುಟಗಳು ನಮ್ಮ ಯಾವ ಹಳ್ಳಿಯಲ್ಲಾದರೂ ನಡೆಯುವಂಥವು. ಅದರಲ್ಲಿ ಒಂದು ಪ್ರಸಂಗ ನನ್ನ ಮನಸ್ಸಿನಿಂದ ಹೋಗುವುದಿಲ್ಲ. ಊರಿನ ಮಾರಿಯಮ್ಮನ ಜಾತ್ರೆಯಲ್ಲಿ ಹುಡುಗರು ವೇಷ ಹಾಕುವ ಪದ್ಧತಿ. ಇವರು ಕೊರವಂಜಿಯಂಥ ಹೆಣ್ಣುವೇಷ ಹಾಕಿ ಕುಣಿಯುತ್ತಾರೆ. ನೋಡಿದವರು ಥೇಟ್ ಹೆಣ್ಣಿನಂತೆಯೇ ಇದ್ದಾನಲ್ಲ ಎಂದು ಮೆಚ್ಚುತ್ತಾರೆ. ಊರ ಕಣ್ಣಿಗೆ ಅದು ವೇಷ. ಹಾಕಿಕೊಂಡವರಿಗೆ ಅದೇ ನಿಜರೂಪ, ಮರುದಿನ ತೊಡಬೇಕಾದ ಅಂಗಿಯೇ ವೇಷ.

ಈ ಪ್ರಸಂಗ ನಮಗೆ ಅರ್ಥವಾಗದೆ ಇರಲು ಸಾಧ್ಯವೇ ಇಲ್ಲ. ಸಣ್ಣಾಟ, ದೊಡ್ಡಾಟ, ಪಾರಿಜಾತ ನೋಡುತ್ತ ಬೆಳೆದವರು ನಾವು. ಸತ್ಯಭಾಮೆಯ ಪಾತ್ರದಲ್ಲಿ ಗಂಡಸು ಸೆರಗು ಹಾರಿಸಿ ಬಂದರೆ ಸೀಟಿ ಹೊಡೆದು ಆಯರಿ ಮಾಡಿದವರು. ಶಾಲೆಯ ಗ್ಯಾದರಿಂಗಿನಲ್ಲಿ ಏಳನೆಯ ಇಯತ್ತೆಯ ಹುಡುಗ ಸೀರೆ ಉಟ್ಟು ಕುಣಿದರೆ ಮೊದಲ ಸಾಲಿನಲ್ಲಿ ಕುಳಿತ ಪಂಚರೂ ಚಪ್ಪಾಳೆ ತಟ್ಟುತ್ತಾರೆ. ಹಬ್ಬದ ರಾತ್ರಿ ಮೆಚ್ಚಿದ್ದನ್ನು ಹಬ್ಬ ಮುಗಿದ ಮುಂಜಾನೆ ಹೊಡೆಯುವ ನಮ್ಮ ಸ್ವಭಾವವನ್ನು ರೇವತಿ ಯಾವ ಭಾಷಣವೂ ಇಲ್ಲದೆ ಎರಡು ಪುಟದಲ್ಲಿ ತೋರಿಸಿಬಿಡುತ್ತಾರೆ.

ಮುಂದೆ ಅವರು ಮನೆ ಬಿಡುತ್ತಾರೆ. ದೆಹಲಿಗೆ ಹೋಗಿ ಹಿಜ್ರಾ ಗುರುವಿನ ಮನೆ ಸೇರುತ್ತಾರೆ. ತಾಯಿಗೆ ಸೌಖ್ಯವಿಲ್ಲವೆಂಬ ಸುಳ್ಳು ಸುದ್ದಿ ನಂಬಿ ಊರಿಗೆ ಮರಳಿದರೆ ಅಣ್ಣ ಕ್ರಿಕೆಟ್ ಬ್ಯಾಟಿನಿಂದ ಹೊಡೆಯುತ್ತಾನೆ. ಮತ್ತೆ ಹೋಗುತ್ತಾರೆ, ಮತ್ತೆ ಬರುತ್ತಾರೆ. ಮುಂಬಯಿ, ಶಸ್ತ್ರಚಿಕಿತ್ಸೆ, ಮೈ ಮಾರುವ ದಂಧೆ, ರೌಡಿಗಳ ಕಾಟ, ಪೊಲೀಸರ ಹೊಡೆತ, ಬೆಂಗಳೂರಿನ ಹಮಾಮು. ಕೊನೆಗೆ ಬೆಂಗಳೂರಿನಲ್ಲಿ ಲೈಂಗಿಕ ಅಲ್ಪಸಂಖ್ಯಾತರ ಹಕ್ಕಿಗಾಗಿ ಕೆಲಸ ಮಾಡುವ ‘ಸಂಗಮ’ ಸಂಸ್ಥೆಯಲ್ಲಿ ಒಂದು ಸಣ್ಣ ನೌಕರಿ. ಅದೇ ಸಂಸ್ಥೆಗೆ ಅವರು ಮುಂದೊಂದು ದಿನ ನಿರ್ದೇಶಕಿಯಾದರು.

ಪುಸ್ತಕದ ದೊಡ್ಡ ಗುಣ ಅದರ ಪ್ರಾಮಾಣಿಕತೆ. ರೇವತಿ ತಮ್ಮವರನ್ನೂ ಬಿಡುವುದಿಲ್ಲ. ಗುರುವಿನ ಮನೆಯ ಪ್ರೀತಿಯ ಜೊತೆಗೆ ಅಲ್ಲಿಯ ಕಟ್ಟಳೆ, ದಂಡ, ದುಡಿತ, ಜಗಳ ಎಲ್ಲವನ್ನೂ ಬರೆಯುತ್ತಾರೆ. ಮನೆಯಿಂದ ಹೊರಬಿದ್ದವರು ಇನ್ನೊಂದು ಮನೆ ಕಟ್ಟಿಕೊಳ್ಳುವ ರೀತಿ ಇಲ್ಲಿ ತಿಳಿಯುತ್ತದೆ. ಗುರು ತಾಯಿಯಾಗುತ್ತಾಳೆ, ಗುರುವಿನ ಗುರು ಅಜ್ಜಿಯಾಗುತ್ತಾಳೆ, ಜೊತೆಯ ಚೇಲಾಗಳು ಅಕ್ಕತಂಗಿಯರಾಗುತ್ತಾರೆ. ನಮ್ಮಲ್ಲಿ ಜೋಗಪ್ಪಗಳೂ ಹೀಗೆಯೇ ಗುರುವಿನ ಕೈಯಿಂದ ಮುತ್ತು ಕಟ್ಟಿಸಿಕೊಂಡು ಒಂದು ಬಳಗವಾಗುತ್ತಾರೆ. ಓದುತ್ತ ಓದುತ್ತ, ಇವರು ಬರೇ ಏಟು ತಿಂದವರಲ್ಲ, ಏಟಿನ ನಡುವೆ ಒಂದು ಸಂಸಾರವನ್ನೇ ಕಟ್ಟಿದವರು ಎಂಬುದು ಮನಸ್ಸಿಗೆ ಹತ್ತುತ್ತದೆ.

ಅನುವಾದದ ಹೆಸರಿನ ಬಗ್ಗೆಯೂ ಒಂದು ಮಾತು ಹೇಳಬೇಕು. ತಮಿಳಿನ ಹೆಸರಿನಲ್ಲಿ ಬಿಳಿ ಮಾತು, ಮರೆಮಾಚದ ಮಾತು ಎಂಬ ಧ್ವನಿ ಇದೆ. ಇಂಗ್ಲಿಷಿನ ಹೆಸರು ‘ನನ್ನ ಬಗೆಗಿನ ಸತ್ಯ’ ಎನ್ನುತ್ತದೆ. ಸರಸ್ವತಿಯವರು ‘ಬಯಲು’ ಎಂಬ ಕನ್ನಡದ ಹಳೆಯ ಮಾತನ್ನು ಆರಿಸಿಕೊಂಡರು. ಗುಟ್ಟು ಬಯಲಾಗುವುದೂ ಬಯಲೇ, ಮನೆಯಿಲ್ಲದವರು ಮಲಗುವುದೂ ಬಯಲೇ, ನಮ್ಮ ಶರಣರು ಹೇಳಿದ್ದೂ ಬಯಲೇ. ಒಂದು ಶಬ್ದದಲ್ಲಿ ಮೂರೂ ಅರ್ಥ ಬಂದು ಕೂತಿವೆ. ಹೆಗ್ಗೋಡಿನ ‘ಜನಮನದಾಟ’ ತಂಡ ಇದನ್ನು ಇದೇ ಹೆಸರಿನಿಂದ ರಂಗದ ಮೇಲೂ ತಂದಿತು. ಎಂ. ಗಣೇಶ ಅದರ ನಿರ್ದೇಶಕರು.

ದೋಷ ಇಲ್ಲವೆಂದಲ್ಲ. ನಡುಭಾಗದಲ್ಲಿ ಊರು ಬದಲಾಗುತ್ತದೆ, ಏಟು ಬದಲಾಗುವುದಿಲ್ಲ. ಒಂದಾದ ಮೇಲೆ ಒಂದು ಹೊಡೆತದ ಪ್ರಸಂಗ ಬಂದು ಓದುವವರ ಮನಸ್ಸು ಜಡ್ಡುಗಟ್ಟುತ್ತದೆ. ಜೊತೆಗಿದ್ದ ಎಷ್ಟೋ ಜೀವಗಳು ಒಂದು ಪುಟ ಬೆಳಗಿ ಮರೆಯಾಗುತ್ತವೆ. ಅವರನ್ನು ಇನ್ನಷ್ಟು ಹೊತ್ತು ನೋಡಬೇಕಿತ್ತು ಎನಿಸುತ್ತದೆ. ಅವಸರದಲ್ಲಿ ಹೇಳಿದಂತೆ ತೋರುವ ಜಾಗಗಳೂ ಇವೆ. ಆದರೂ ಇದು ನಮ್ಮ ಭಾಷೆಗೆ ಬಂದದ್ದು ನಮ್ಮ ಭಾಗ್ಯ.

ಈ ಪುಸ್ತಕ ವಾಚನಾಲಯಕ್ಕೆ ಬಂದಾಗ ಊರ ಹಿರಿಯರೊಬ್ಬರು ನನ್ನನ್ನು ಕೇಳಿದರು: “ಮಾಸ್ತರ, ಇಂಥಾ ಪುಸ್ತಕ ಹುಡುಗರ ಕೈಗೆ ಸಿಗೂ ಹಂಗ ಯಾಕ ಇಟ್ಟೀರಿ? ಇದೆಲ್ಲಾ ಪರದೇಶದ ಗಾಳಿ. ಆ ಎಲ್‌ಜಿಬಿಟಿ ಅಂತಾರಲ್ಲ, ಅದು ನಮ್ಮದಲ್ಲ.” ಅವರು ಸಿಟ್ಟಿನಿಂದ ಕೇಳಲಿಲ್ಲ. ನಿಜವಾಗಿ ಹಾಗೆಯೇ ತಿಳಿದಿದ್ದರು. ಅವರಿಗೆ ಅಂದು ನಾನು ಹೇಳಿದ್ದನ್ನೇ ಇಲ್ಲಿ ಇನ್ನಷ್ಟು ಬಿಡಿಸಿ ಬರೆಯುತ್ತೇನೆ. ಯಾಕಂದರೆ ರೇವತಿಯ ಸೀರೆಗೆ ಒಂದು ಇತಿಹಾಸ ಇದೆ, ಅದು ತಿಳಿಯದೆ ಪುಸ್ತಕದ ತೂಕ ತಿಳಿಯುವುದಿಲ್ಲ.

ಎಲ್‌ಜಿಬಿಟಿಕ್ಯೂ ಎಂಬುದು ಇಂಗ್ಲಿಷಿನ ಐದು ಅಕ್ಷರ. ಹೆಣ್ಣನ್ನು ಪ್ರೀತಿಸುವ ಹೆಣ್ಣು, ಗಂಡನ್ನು ಪ್ರೀತಿಸುವ ಗಂಡು, ಇಬ್ಬರನ್ನೂ ಪ್ರೀತಿಸುವವರು, ಇವರೆಲ್ಲ ಮೊದಲ ಮೂರು ಅಕ್ಷರದಲ್ಲಿ ಬರುತ್ತಾರೆ. ನಾಲ್ಕನೆಯದು ‘ಟಿ’, ಟ್ರಾನ್ಸ್‌ಜೆಂಡರ್. ಹುಟ್ಟಿದಾಗ ಊರು ಬರೆದ ಲಿಂಗ ಒಂದು, ತಾವು ತಿಳಿದ ಲಿಂಗ ಇನ್ನೊಂದು ಎನ್ನುವವರು ಇವರು. ಈ ಯಾವ ಸಾಲಿನಲ್ಲಿಯೂ ಅಚ್ಚುಕಟ್ಟಾಗಿ ಕೂರದವರನ್ನು ಕೊನೆಯ ಅಕ್ಷರ ಒಳಗೊಳ್ಳುತ್ತದೆ. ಕನ್ನಡದಲ್ಲಿ ಎಲ್ಲರಿಗೂ ಸೇರಿ ಲೈಂಗಿಕ ಅಲ್ಪಸಂಖ್ಯಾತರು ಎನ್ನುತ್ತೇವೆ. ಮೊದಲ ಮೂವರು ಹಗಲಿನಲ್ಲಿ ಎಲ್ಲರಂತೆ ಅಂಗಿ-ಸೀರೆ ತೊಟ್ಟು, ತಮ್ಮ ಗುಟ್ಟನ್ನು ಒಳಗೆ ಇಟ್ಟುಕೊಂಡು ನಡೆಯಬಲ್ಲರು. ಅದೂ ಸಣ್ಣ ನೋವಲ್ಲ. ಆದರೆ ಸೀರೆ ಉಟ್ಟು ಬೀದಿಗೆ ಬಂದ ಹಿಜ್ರಾಳಿಗೆ ಅಡಗುವ ಜಾಗವೇ ಇಲ್ಲ. ಹಾಗಾಗಿ ಲಾಠಿ ಎತ್ತಿದವರಿಗೆ ಮೊದಲು ಕಂಡವರು ಇವರೇ.

ಇದು ನಮ್ಮ ದೇಶದ ದಾಖಲೆಯಲ್ಲಿಯೇ ಇದೆ. ಬ್ರಿಟಿಷ್ ಸರ್ಕಾರ 1871ರಲ್ಲಿ ಅಪರಾಧಿ ಬುಡಕಟ್ಟುಗಳ ಕಾಯಿದೆ ಮಾಡಿತು. ಅದರ ಎರಡನೆಯ ಭಾಗ ಹಿಜ್ರಾಗಳ ಮೇಲೆ. ಅವರ ಹೆಸರು, ಮನೆ ಎಲ್ಲವನ್ನೂ ಪಟ್ಟಿ ಮಾಡಬೇಕು. ಪಟ್ಟಿಯಲ್ಲಿದ್ದವರು ಹೆಣ್ಣಿನಂತೆ ಬಟ್ಟೆ ಉಟ್ಟು, ಒಡವೆ ತೊಟ್ಟು ರಸ್ತೆಯಲ್ಲಿ ಕಂಡರೆ, ಕುಣಿದರೆ, ವಾದ್ಯ ನುಡಿಸಿದರೆ ವಾರಂಟ್ ಇಲ್ಲದೆ ಹಿಡಿಯಬಹುದು. ಎರಡು ವರ್ಷದವರೆಗೆ ಜೇಲು, ಅಥವಾ ದಂಡ. ಸೀರೆ ಉಡುವುದೇ ಗುನ್ಹೆ! ಇದು ಹೆಚ್ಚಾಗಿ ಉತ್ತರದ ಪ್ರಾಂತ್ಯಗಳಲ್ಲಿ ನಡೆದ ಕಾಯಿದೆ. ಆದರೆ ನಮ್ಮ ಮಗ್ಗುಲಿನ ಮೊಗಲಾಯಿಯಲ್ಲಿ, ಅಂದರೆ ಹೈದರಾಬಾದಿನ ನಿಜಾಮನ ಸರ್ಕಾರದಲ್ಲಿಯೂ, 1329 ಫಸಲಿಯಲ್ಲಿ ಇಂಥದೇ ಒಂದು ಕಾಯಿದೆ ಆಯಿತು. ಇಂಗ್ಲಿಷ್ ಲೆಕ್ಕದಲ್ಲಿ ಸುಮಾರು 1919. ನಿಜಾಮ ಹೋದ, ಕಾಯಿದೆ ಮಾತ್ರ ತೆಲಂಗಾಣದ ಪುಸ್ತಕದಲ್ಲಿ ಉಳಿದುಕೊಂಡಿತ್ತು. ಅದು ಸಂವಿಧಾನಕ್ಕೆ ವಿರುದ್ಧ ಎಂದು ತೆಲಂಗಾಣ ಹೈಕೋರ್ಟು ತೆಗೆದುಹಾಕಿದ್ದು 2023ರ ಜುಲೈಯಲ್ಲಿ.

ಇನ್ನೊಂದು ದಾಖಲೆ 1884ರದು. ದಂಡಸಂಹಿತೆಯ 377ನೆಯ ಕಲಂ ಎಂದರೆ ಗಂಡು-ಗಂಡಿನ ಪ್ರೀತಿಯ ಮೇಲಿನ ಕಲಂ ಎಂದು ಎಲ್ಲರೂ ತಿಳಿದಿದ್ದಾರೆ. ಆ ಕಲಮಿನ ಕೆಳಗಿನ ಹಳೆಯ ಮೊಕದ್ದಮೆಗಳಲ್ಲಿ ಒಂದು ಮೊರಾದಾಬಾದಿನ ಖೈರಾತಿ ಎಂಬವರದು. ಅವರು ಸಿಕ್ಕಿಬಿದ್ದದ್ದು ಹೇಗೆ? ಹೆಣ್ಣಿನ ಬಟ್ಟೆ ತೊಟ್ಟು ಒಂದು ಮನೆಯ ಹೆಣ್ಣುಮಕ್ಕಳ ನಡುವೆ ಕುಳಿತು ಹಾಡುತ್ತಿದ್ದರು! ಕೆಳಗಿನ ಕೋರ್ಟು ಶಿಕ್ಷೆ ಕೊಟ್ಟಿತು. ಯಾವಾಗ, ಎಲ್ಲಿ, ಯಾರ ಜೊತೆ ಎಂಬುದಕ್ಕೆ ಆಧಾರವೇ ಇಲ್ಲವೆಂದು ಅಲಹಾಬಾದ್ ಹೈಕೋರ್ಟು ಬಿಟ್ಟಿತು. ಹಾಡಿಗೆ ಬಂದ ಸೀರೆಯೇ ಇಲ್ಲಿ ಸಾಕ್ಷಿಯಾಗಿತ್ತು. ಹಿರಿಯರಿಗೆ ನಾನು ಇದನ್ನೇ ಹೇಳಿದೆ: ಪರದೇಶದಿಂದ ಬಂದದ್ದು ಹಿಜ್ರಾ ಅಲ್ಲ, ಹಿಜ್ರಾಳನ್ನು ಹಿಡಿಯುವ ಕಾಯಿದೆ.

ಪರದೇಶದಲ್ಲಿಯೂ ಕಥೆ ಬೇರೆ ಇಲ್ಲ. ಅಮೆರಿಕದ ನ್ಯೂಯಾರ್ಕಿನಲ್ಲಿ ಸ್ಟೋನ್‌ವಾಲ್ ಎಂಬ ಒಂದು ಬಾರು ಇತ್ತು. 1969ರ ಜೂನ್ 28ರ ನಸುಕಿನಲ್ಲಿ ಪೊಲೀಸರು ಅಲ್ಲಿಗೆ ದಾಳಿ ಮಾಡಿದರು. ಹೆಣ್ಣಿನ ಉಡುಪಿನಲ್ಲಿದ್ದವರನ್ನು ಬೇರೆ ಮಾಡಿ ಮೈ ತಪಾಸಣೆ ಮಾಡುವುದು ಅಂಥ ದಾಳಿಗಳ ರೂಢಿ. ಅಂದು ಜನ ತಿರುಗಿಬಿದ್ದರು. ಗಲಾಟೆ ಹಲವು ರಾತ್ರಿ ನಡೆಯಿತು. ಇಂದು ಜಗತ್ತಿನ ತುಂಬ ಜೂನ್ ತಿಂಗಳಲ್ಲಿ ಇವರ ಮೆರವಣಿಗೆ ನಡೆಯುವುದು ಆ ನೆನಪಿಗೇ. ಆ ಹೋರಾಟದಲ್ಲಿ ಎದ್ದು ಕಂಡವರು ಮಾರ್ಷಾ ಜಾನ್ಸನ್, ಸಿಲ್ವಿಯಾ ರಿವೆರಾ. ಇಂದಿನ ಮಾತಿನಲ್ಲಿ ನಾವು ಟ್ರಾನ್ಸ್ ಎನ್ನುವ ಬಡ ಜೀವಗಳು. ಮನೆಯಿಂದ ಹೊರಬಿದ್ದ ಇಂಥ ಮಕ್ಕಳಿಗಾಗಿ ಇಬ್ಬರೂ 1970ರಲ್ಲಿ ಒಂದು ಸಂಘ ಕಟ್ಟಿ, ಆಸರೆಯ ಮನೆಯನ್ನೂ ನಡೆಸಿದರು. ಆದರೆ 1973ರ ಮೆರವಣಿಗೆಯ ಸಭೆಯಲ್ಲಿ ಸಿಲ್ವಿಯಾ ಜೇಲಿನಲ್ಲಿದ್ದ ತನ್ನವರ ಪರವಾಗಿ ಮಾತಾಡಲು ವೇದಿಕೆ ಹತ್ತಿದಾಗ ತಮ್ಮದೇ ಜನ ಕೂಗಿ ಗದ್ದಲ ಹಾಕಿದರು. ಮರ್ಯಾದೆಯ ಬದುಕು ಹತ್ತಿರ ಬರುತ್ತಿದ್ದ ಹಾಗೆ, ಬೀದಿಯಲ್ಲಿ ಏಟು ತಿಂದವರು ಅದೇ ಚಳವಳಿಗೆ ನಾಚಿಕೆಯಾಗಿ ಕಂಡರು.

ನಮ್ಮ ದೇಶದಲ್ಲಿ ಅಷ್ಟು ಕೆಡಲಿಲ್ಲ. 2013ರ ಡಿಸೆಂಬರಿನಲ್ಲಿ ಸುಪ್ರೀಂ ಕೋರ್ಟು 377ನೆಯ ಕಲಮನ್ನು ಹಾಗೆಯೇ ಉಳಿಸಿತು. ಎಲ್ಲ ಬಾಗಿಲೂ ಮುಚ್ಚಿದಂತೆ ಕಂಡಿತು. ನಾಲ್ಕೇ ತಿಂಗಳಲ್ಲಿ, 2014ರ ಏಪ್ರಿಲ್ 15ರಂದು, ಅದೇ ಕೋರ್ಟಿನ ಇನ್ನೊಂದು ಪೀಠ ಟ್ರಾನ್ಸ್‌ಜೆಂಡರ್ ಜನರ ಪ್ರಕರಣದಲ್ಲಿ ತೀರ್ಪು ಕೊಟ್ಟಿತು. ನಾನು ಗಂಡೋ, ಹೆಣ್ಣೋ, ತೃತೀಯಲಿಂಗಿಯೋ ಎಂದು ಹೇಳುವ ಹಕ್ಕು ನನ್ನದೇ, ಅದಕ್ಕೆ ಶಸ್ತ್ರಚಿಕಿತ್ಸೆಯ ಕಾಗದ ಕೇಳಬಾರದು ಎಂದಿತು. ಆ ಪ್ರಕರಣದಲ್ಲಿ ನಮ್ಮ ಮಹಾರಾಷ್ಟ್ರದ ಠಾಣೆಯ ಲಕ್ಷ್ಮೀ ನಾರಾಯಣ ತ್ರಿಪಾಠಿಯವರೂ ಕೋರ್ಟಿನ ಮುಂದೆ ನಿಂತಿದ್ದರು. ಖೈರಾತಿಯ ಹಳೆಯ ಮೊಕದ್ದಮೆಯನ್ನೂ ಆ ತೀರ್ಪು ನೆನೆಯುತ್ತದೆ. 2018ರ ಸೆಪ್ಟೆಂಬರ್ 6ರಂದು ಐವರು ನ್ಯಾಯಮೂರ್ತಿಗಳು 377ರ ಹಿಡಿತವನ್ನು ಸಡಿಲಿಸಿ, ಒಪ್ಪಿಗೆಯಿಂದ ಕೂಡಿದ ವಯಸ್ಕರ ಪ್ರೀತಿ ಅಪರಾಧವಲ್ಲ ಎಂದರು. ಆಗ ಅವರು 2014ರ ತೀರ್ಪಿನ ಮೇಲೆ ಕಾಲೂರಿ ನಿಂತಿದ್ದರು. ಕೋರ್ಟಿಗೆ ಹೋದವರಲ್ಲಿ ಬೆಂಗಳೂರಿನ ಅಕ್ಕೈ ಪದ್ಮಶಾಲಿಯವರೂ ಇದ್ದರು. ಅಂದರೆ ಅಡಗಿ ಬದುಕಬಲ್ಲವರಿಗೂ ಬಾಗಿಲು ತೆರೆದುಕೊಟ್ಟದ್ದು ಅಡಗಲಾರದವರ ಹೋರಾಟ. ಐದು ಅಕ್ಷರದ ಆ ಸಾಲಿನಲ್ಲಿ ‘ಟಿ’ ನಾಲ್ಕನೆಯದಾಗಿ ನಿಂತಿದೆ. ಲಾಠಿಯ ಸಾಲಿನಲ್ಲಿ ಅದು ಮೊದಲನೆಯದು.

ಇಷ್ಟು ತಿಳಿದ ಮೇಲೆ ಮರಳಿ ನಮ್ಮ ಎರಡು ಕೃತಿಗಳಿಗೆ ಬರೋಣ. ರೇವತಿಯ ಪುಸ್ತಕದಲ್ಲಿ ಪೊಲೀಸರ ಏಟಿನ ಪುಟ ಬಂದಾಗ ಅದು ಒಬ್ಬಳ ದುರ್ದೈವ ಎನಿಸುವುದಿಲ್ಲ. ನೂರಾ ನಲವತ್ತು ವರ್ಷದ ಸಾಲಿನಲ್ಲಿ ಅದೂ ಒಂದು. ಸಂಗಮದ ನೌಕರಿಯ ಪುಟ ಬಂದಾಗ, ಏಟು ತಿಂದವಳು ಉಳಿದವರ ಪರವಾಗಿ ಕುರ್ಚಿಯಲ್ಲಿ ಕೂತು ಕೆಲಸ ಮಾಡಿದಳಲ್ಲ ಎಂದು ಎದೆ ತುಂಬುತ್ತದೆ. ‘ಜೋಗವಾ’ದಲ್ಲಿ ಈ ದಾರಿಯೇ ಇಲ್ಲ. ಅಲ್ಲಿ ಜೋಗ್ತ್ಯಾ ಎಂದರೆ ಸಹಿಸುವವನು, ಇಲ್ಲವೆ ಸೀರೆ ಬಿಚ್ಚಿ ಗಂಡಸಾಗುವವನು. ಸೀರೆಯಲ್ಲಿಯೇ ಇದ್ದು ಏನಾದರೂ ಮಾಡಿದವರು ಎಂಬ ಮಾತಿಗೆ ಅಲ್ಲಿ ಜಾಗ ಇಲ್ಲ.

ಇದರ ಜೊತೆಗೆ ಇನ್ನೊಂದು ಸಂಗತಿ ನನಗೆ ಕಾಡುತ್ತದೆ. ತಾಯಪ್ಪನ ಪಾತ್ರಕ್ಕೆ ಉಪೇಂದ್ರ ಲಿಮಯೆಯವರಿಗೆ ಶ್ರೇಷ್ಠ ನಟ ಎಂಬ ರಾಷ್ಟ್ರಪ್ರಶಸ್ತಿ ಬಂತು. ಲಿವಿಂಗ್ ಸ್ಮೈಲ್ ವಿದ್ಯಾ ಅವರ ಜೀವನಕಥೆಯಿಂದ ಬಿ.ಎಸ್. ಲಿಂಗದೇವರು ಮಾಡಿದ ‘ನಾನು ಅವನಲ್ಲ ಅವಳು’ ಎಂಬ ಕನ್ನಡ ಚಿತ್ರದ ಪಾತ್ರಕ್ಕೆ, 2014ರ ಸಾಲಿನಲ್ಲಿ, ಸಂಚಾರಿ ವಿಜಯ ಅವರಿಗೂ ಅದೇ ಪ್ರಶಸ್ತಿ. ಇಬ್ಬರೂ ದೊಡ್ಡ ನಟರು, ತಕ್ಕ ಗೌರವವೇ. ಆ ಕನ್ನಡ ಚಿತ್ರ ಹೆಸರಿನಲ್ಲಿಯೇ ರೇವತಿಯ ಪಕ್ಷಕ್ಕೆ ನಿಲ್ಲುತ್ತದೆ, ಅದೂ ಒಳ್ಳೆಯದೇ. ಆದರೂ ಮಾರಿಯಮ್ಮನ ಜಾತ್ರೆಯ ನೆನಪಾಗದೆ ಇರುವುದಿಲ್ಲ. ವೇಷಕ್ಕೆ ನಾವು ಕೈ ಚಾಚಿ ಬಹುಮಾನ ಕೊಡುತ್ತೇವೆ. ನಿಜಕ್ಕೆ ಕೊಡಲು ಬಹಳ ತಡ ಮಾಡುತ್ತೇವೆ.

ನಿಜಕ್ಕೆ ಬಂದ ಬಹುಮಾನವೂ ಒಂದಿದೆ, ಅದನ್ನು ಹೇಳದಿದ್ದರೆ ತಪ್ಪಾದೀತು. ಬಳ್ಳಾರಿ ಸೀಮೆಯ ಮಂಜಮ್ಮ ಜೋಗತಿಯವರು ಹುಲಿಗೆಮ್ಮನ ಸನ್ನಿಧಿಯಲ್ಲಿ ಮುತ್ತು ಕಟ್ಟಿಸಿಕೊಂಡವರು. ಕಾಳವ್ವ ಜೋಗತಿಯವರಿಂದ ಜೋಗತಿ ಕುಣಿತ ಕಲಿತು, ತಲೆಯ ಮೇಲೆ ಕೊಡ ಹೊತ್ತು ಊರೂರು ಕುಣಿದವರು. 2019ರಲ್ಲಿ ಕರ್ನಾಟಕ ಜಾನಪದ ಅಕಾಡೆಮಿಯ ಅಧ್ಯಕ್ಷರಾದರು. 2021ರ ನವೆಂಬರಿನಲ್ಲಿ ಪದ್ಮಶ್ರೀ ಪಡೆಯಲು ರಾಷ್ಟ್ರಪತಿ ಭವನಕ್ಕೆ ಹೋದಾಗ, ಪ್ರಶಸ್ತಿ ತೆಗೆದುಕೊಳ್ಳುವ ಮೊದಲು ತಮ್ಮ ಸೀರೆಯ ಸೆರಗಿನಿಂದ ರಾಷ್ಟ್ರಪತಿಯವರಿಗೆ ದೃಷ್ಟಿ ತೆಗೆದರು. ಟಿವಿಯಲ್ಲಿ ನೀವೂ ನೋಡಿರಬಹುದು. ಒಂದು ಕಾಲಕ್ಕೆ ರಸ್ತೆಯಲ್ಲಿ ಕಂಡರೆ ಜೇಲಿಗೆ ತಳ್ಳುತ್ತಿದ್ದ ಸೀರೆ ಅದೇ. ಅವರ ಜೀವನಕಥೆ ‘ನಡುವೆ ಸುಳಿವ ಹೆಣ್ಣು’ ಅರುಣ್ ಜೋಳದಕೂಡ್ಲಿಗಿಯವರ ನಿರೂಪಣೆಯಲ್ಲಿ ಬಂದಿದೆ. ಹೆಸರು ನೋಡಿದ ಕೂಡಲೆ ದಾಸಿಮಯ್ಯನ ವಚನ ನೆನಪಾಗುತ್ತದೆ. ಒಳಗಿರುವ ಆತ್ಮಕ್ಕೆ ಗಂಡು-ಹೆಣ್ಣೆಂಬ ಭೇದ ಎಲ್ಲಿಯದು ಎಂದು ಎಷ್ಟೋ ಶತಮಾನದ ಹಿಂದೆ ಕೇಳಿದವನು ಅವನು. ನಮ್ಮ ವಾಚನಾಲಯ ಇನ್ನು ತರಿಸಬೇಕಾದ ಪುಸ್ತಕಗಳಲ್ಲಿ ಅದು ಮೊದಲನೆಯದಾಗಲಿ.

ಹಾಗಾದರೆ ‘ಜೋಗವಾ’ ತಪ್ಪು, ‘ಬದುಕು ಬಯಲು’ ಸರಿ ಎಂದೇ? ಹಾಗೆ ಹೇಳಿದರೆ ನಾನು ಎರಡನ್ನೂ ಸರಿಯಾಗಿ ಓದಲಿಲ್ಲ ಎಂದಾಗುತ್ತದೆ. ಮೊದಲು ಎದುರುಬದುರು ನಿಂತಂತೆ ಕಂಡ ಈ ಎರಡು ಕಥೆ, ಪೂರ್ತಿ ಓದಿದ ಮೇಲೆ ಒಂದೇ ಮಾತಿಗೆ ಬರುತ್ತವೆ. ತಾಯಪ್ಪನ ಮೈಮೇಲೆ ಬೇಡದ ಸೀರೆ ಹೊದಿಸಿದ್ದು ಊರು. ರೇವತಿಯ ಮೈಮೇಲಿಂದ ಬೇಕಾದ ಸೀರೆ ಎಳೆದದ್ದೂ ಮನೆ-ಊರೇ. ಎರಡೂ ಕಡೆ ಊರು ಒಂದೇ ತಪ್ಪು ಮಾಡಿದೆ. ನೀನು ಯಾರು ಅಂತ ಆ ಜೀವವನ್ನು ಕೇಳಲಿಲ್ಲ. ಸೀರೆ ಯಾರು ಉಟ್ಟರು ಎಂಬುದಕ್ಕಿಂತ, ಯಾರ ಕೈ ಉಡಿಸಿತು, ಯಾರ ಕೈ ಬಿಚ್ಚಿತು ಎಂದು ಕೇಳಬೇಕು. ತನ್ನ ಕೈಯಿಂದ ಉಟ್ಟದ್ದಾದರೆ ಅದು ತನ್ನದು.

ಇದು ಬರೇ ಸಾಹಿತ್ಯದ ಮಾತಾಗಿ ಉಳಿಯಬಾರದು ಎಂದೇ ಶಿಕ್ಷಕ ಬಂಧುಗಳಿಗೆ ಒಂದು ವಿನಂತಿ. ಗಡಿಭಾಗದ ಕನ್ನಡ ಶಾಲೆಗಳಲ್ಲಿ ನನ್ನ ಸೇವೆಯೆಲ್ಲ ಕಳೆಯಿತು. ನಡಿಗೆಯಲ್ಲಿ, ಮಾತಿನಲ್ಲಿ ಹೆಣ್ಣುತನ ಇರುವ ಹುಡುಗ ಐದಾರು ವರ್ಷಕ್ಕೊಬ್ಬನಾದರೂ ವರ್ಗದಲ್ಲಿ ಇದ್ದೇ ಇರುತ್ತಾನೆ. ಅಂಥವರು ಎಂಟನೆಯ, ಒಂಬತ್ತನೆಯ ಇಯತ್ತೆಗೆ ಬರುವಷ್ಟರಲ್ಲಿ ಹಾಜರಿ ಪುಸ್ತಕದಲ್ಲಿ ಗೈರುಹಾಜರಿಯ ಗುರುತು ಸಾಲಾಗಿ ಬೀಳುತ್ತದೆ. ಆಮೇಲೆ ಹೆಸರೇ ಹೋಗುತ್ತದೆ. ಆ ಮಗುವಿಗೆ ಊರು ಎರಡೇ ಕಥೆ ಹೇಳುತ್ತದೆ. ಒಂದು, ದೇವಿ ಹಿಡಿದಾಳ, ಬಿಟ್ಟುಬಿಡ್ರಿ. ಇನ್ನೊಂದು, ನಾಕು ಬಡೀರಿ, ಗಂಡಸ ಆಗತಾನ. ಎರಡರಲ್ಲಿಯೂ ಶಾಲೆ ಇಲ್ಲ, ಪುಸ್ತಕ ಇಲ್ಲ, ಮುಂದಿನ ಇಯತ್ತೆ ಇಲ್ಲ. ರೇವತಿಯವರ ಜೀವನದಲ್ಲಿ ಮೂರನೆಯ ಕಥೆ ಇದೆ. ಅದನ್ನು ಗಳಿಸಲು ಅವರು ತೆತ್ತ ಬೆಲೆಯನ್ನು ನಮ್ಮ ವರ್ಗದ ಮಗುವೂ ತೆರಬೇಕೆಂದೇನೂ ಇಲ್ಲ. ನಗುವ ಹುಡುಗರನ್ನು ಸುಮ್ಮನಿರಿಸಿ, ಹಾಜರಿ ಕರೆದು, ಆ ಮಗುವನ್ನು ಹತ್ತನೆಯ ಇಯತ್ತೆ ದಾಟಿಸುವ ಒಬ್ಬ ಮಾಸ್ತರ, ಒಬ್ಬ ಬಾಯಿ ಇದ್ದರೆ ಆ ಬೆಲೆ ಎಷ್ಟೋ ಇಳಿಯುತ್ತದೆ.

‘ಬದುಕು ಬಯಲು’ ನಮ್ಮ ವಾಚನಾಲಯದಲ್ಲಿ ಎಡಗಡೆಯ ಕಪಾಟಿನ ಎರಡನೆಯ ಸಾಲಿನಲ್ಲಿದೆ. ಪುಸ್ತಕ ಕೇಳಿದ ಆ ಹಿರಿಯರು ಅದನ್ನು ಒಯ್ದು ಇಪ್ಪತ್ತು ದಿನ ಇಟ್ಟುಕೊಂಡು ಮರಳಿ ಕೊಟ್ಟರು. ಹೆಚ್ಚಿಗೆ ಏನೂ ಮಾತಾಡಲಿಲ್ಲ. “ಮಾರಿಯಮ್ಮನ ಜಾತ್ರಿ ಭಾಗ ಎರಡ ಸಲ ಓದಿದೆ, ಮಾಸ್ತರ” ಅಂದರು. ನೀವೂ ಅಲ್ಲಿಂದಲೇ ಸುರು ಮಾಡಿರಿ.